ಅವಳು ಆ ಪುಟದ ಮೇಲೆ ಗೆರೆ ಎಳೆಯಬಾರದಿತ್ತು

ಭಾನುವಾರ ಸಂಜೆಯಿಂದ ಮನಸ್ಸು ಕುದಿಯುತ್ತಿದೆ. ಕಲಬುರಗಿಯಲ್ಲಿ ನಾವು ಹತ್ತು ಹದಿನೈದು ಜನ ಸೇರಿ ಕಥೆ ಓದುತ್ತೇವಲ್ಲ, ಅಲ್ಲಿ ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ತಾನು ಬರೆಯುತ್ತಿರುವ ಮಾಯಾಲೋಕದ ಕಾದಂಬರಿಯ ಎರಡು ಅಧ್ಯಾಯ ಓದಿದಳು. ಮುಗಿಯುತ್ತಿದ್ದಂತೆ ಹಿರಿಯರೊಬ್ಬರು ಎದ್ದು, "ಕಥೆ ಚೆನ್ನಾಗಿದೆ, ಆ ನಿಯಮಗಳ ಪುಟ ಮಾತ್ರ ತೆಗೆದುಬಿಡು. ಕಲ್ಪನೆಗೆ ಲೆಕ್ಕ ಏಕೆ?" ಎಂದರು. ನಾಲ್ಕು ಜನ ತಲೆಯಾಡಿಸಿದರು. ಹುಡುಗಿ ನಮ್ಮೆದುರಿಗೇ ಪೆನ್ನು ತೆಗೆದು ಆ ಪುಟದ ಮೇಲೆ ಅಡ್ಡಗೆರೆ ಎಳೆದಳು. ನಾನು ತುಟಿ ಬಿಚ್ಚಲಿಲ್ಲ. ಅಲ್ಲಿ ಆಡಬೇಕಿದ್ದ ಮಾತನ್ನು ಈಗ ಇಲ್ಲಿ ಬರೆಯುತ್ತಿದ್ದೇನೆ.

ಆ ಪುಟದಲ್ಲಿ ಏನಿತ್ತು ಗೊತ್ತೆ? ಅವಳ ಲೋಕದಲ್ಲಿ ಸದ್ದು ಸಾಯುವುದಿಲ್ಲ, ಹತ್ತಿರದ ಕಲ್ಲಿನೊಳಗೆ ಇಳಿದು ಕೂರುತ್ತದೆ. ಬೇಕಾದವರು ಅದನ್ನು ಹೊರಗೆಳೆದು ದೀಪ ಹಚ್ಚಬಹುದು, ಬಾಗಿಲು ಒಡೆಯಬಹುದು. ಆದರೆ ಎಷ್ಟು ಎಳೆದರೋ ಅಷ್ಟು ಅವರ ಕಿವಿ ಮಂದವಾಗುತ್ತದೆ. ಬಿರುಕು ಬಿಟ್ಟ ಕಲ್ಲಿನಿಂದ ಸದ್ದು ಸೋರಿ ಹೋಗುತ್ತದೆ. ಇಷ್ಟೇ. ಇದನ್ನೇ ತೆಗೆದುಹಾಕು ಎಂದರು.

ನಾನು ಭೌತಶಾಸ್ತ್ರ ಪಾಠ ಮಾಡುವವಳು ಎಂಬುದು ನಿಮಗೆಲ್ಲ ಗೊತ್ತು. ನಮ್ಮ ಲೋಕದ ಸದ್ದು ಬಹಳ ಬಡ ಶಕ್ತಿ. ನಾವು ಸಾಮಾನ್ಯವಾಗಿ ಆಡುವ ಮಾತಿನಲ್ಲಿ ಇರುವುದು ಒಂದು ವ್ಯಾಟ್‌ನ ಲಕ್ಷದಲ್ಲೊಂದು ಪಾಲಿನ ಆಸುಪಾಸು. ಬಾಯಿಮಾತಿನಿಂದ ಒಂದು ಲೋಟ ಚಹಾ ಕಾಯಿಸಬೇಕೆಂದರೆ, ಒಂದಿಷ್ಟೂ ಶಾಖ ಪೋಲಾಗದಿದ್ದರೂ ದಶಕಗಟ್ಟಲೆ ಬಿಡದೆ ಮಾತಾಡುತ್ತಿರಬೇಕು. ಬಯಲಿನಲ್ಲಿ ದೂರ ಎರಡರಷ್ಟಾದರೆ ಸದ್ದಿನ ತೀವ್ರತೆ ಕಾಲುಭಾಗಕ್ಕೆ ಇಳಿಯುತ್ತದೆ. ಈ ಬಡತನವನ್ನು ಅವಳು ಮರೆಮಾಚಲಿಲ್ಲ, ಅದರ ಮೇಲೆಯೇ ಲೋಕ ಕಟ್ಟಿದಳು. ಸದ್ದು ಅಷ್ಟು ಕಡಿಮೆಯಾದ್ದರಿಂದಲೇ ಅಲ್ಲಿ ಹೊಸ ಕಲ್ಲಿಗೆ ಬೆಲೆಯಿಲ್ಲ. ನೂರಾರು ವರ್ಷ ಜನ ಕೂಗಾಡಿದ ಸಂತೆಕಟ್ಟೆ, ಮಕ್ಕಳು ಅತ್ತ ಹೊಸ್ತಿಲು, ಇವುಗಳಿಗಾಗಿ ರಾಜರು ಯುದ್ಧ ಮಾಡುತ್ತಾರೆ. ಕಲಬುರಗಿ ಕೋಟೆಯ ಜಾಮಾ ಮಸೀದಿಯೊಳಗೆ ನಿಂತಾಗ ಇದು ಹೊಳೆಯಿತಂತೆ. 1367ರ ಆ ಕಟ್ಟಡದಲ್ಲಿ ತೆರೆದ ಅಂಗಳವೇ ಇಲ್ಲ, ಇಡೀ ಜಾಗವೇ ಗುಮ್ಮಟ ಕಮಾನುಗಳ ಅಡಿಯಲ್ಲಿದೆ. "ಇಲ್ಲಿ ಆಡಿದ ಮಾತು ಹೊರಗೆ ಹೋಗುವುದಾದರೂ ಹೇಗೆ ಮೇಡಂ?" ಎಂದು ನನ್ನನ್ನು ಕೇಳಿದ್ದಳು. ಆ ಒಂದು ಪ್ರಶ್ನೆಯಿಂದ ಹುಟ್ಟಿದ ಲೋಕ ಅದು. ಆ ಲೆಕ್ಕವನ್ನೇ ತೆಗೆದುಹಾಕಿದರೆ ಯುದ್ಧಕ್ಕೆ ಕಾರಣವೇ ಉಳಿಯುವುದಿಲ್ಲ.

ನಿಯಮ ಹೆಚ್ಚಾದರೆ ಬೆರಗು ಸಾಯುತ್ತದೆ ಎನ್ನುವವರಿದ್ದಾರೆ. ಅಜ್ಜಿ ಹೇಳಿದ ಕಥೆಯಲ್ಲಿ ಯಾವ ಲೆಕ್ಕವಿತ್ತು ಎಂದೂ ಅಂದು ಒಬ್ಬರು ಕೇಳಿದರು. ಇತ್ತು ಸ್ವಾಮಿ! ಮಂತ್ರ ಮೂರೇ ಸಲ ಫಲಿಸುತ್ತಿತ್ತು. ಹಿಂದಿರುಗಿ ನೋಡಿದರೆ ಕಲ್ಲಾಗುತ್ತಿದ್ದರು. ಗುಟ್ಟು ಹೊರಗೆ ಬಿದ್ದರೆ ಶಕ್ತಿ ಹೋಗುತ್ತಿತ್ತು. ರಾಜಕುಮಾರ ಎರಡನೇ ಮಂತ್ರವನ್ನು ವ್ಯರ್ಥ ಮಾಡಿದಾಗ ನಾವು ಕೌದಿಯೊಳಗೆ ಉಸಿರು ಬಿಗಿಹಿಡಿದದ್ದು ಆ ಲೆಕ್ಕ ಗೊತ್ತಿದ್ದರಿಂದಲೇ. ಏನು ಬೇಕಾದರೂ ಆಗಬಹುದಾದ ಕಥೆಯಲ್ಲಿ ನಾನು ಯಾರಿಗಾಗಿ ಹೆದರಲಿ?

ಇನ್ನೊಂದು ಮಾತು ಹೇಳಿಬಿಡುತ್ತೇನೆ. ಇದು ಬರಿಯ ಸಾಹಿತ್ಯದ ಸಿಟ್ಟಲ್ಲ. ನನ್ನ ಅಪ್ಪ ಶಹಾಬಾದ್ ಕಲ್ಲು ಕೊಯ್ಯುವ ಕೆಲಸದಲ್ಲಿದ್ದರು. ಪರ್ಸಿಯನ್ನು, ಅಂದರೆ ನೆಲಕ್ಕೆ ಹಾಸುವ ಕಲ್ಲುಚಪ್ಪಡಿಯನ್ನು, ಒಂದು ಅಂಚಿನಿಂದ ಎತ್ತಿ ಹಿಡಿದು ಸಣ್ಣ ಸುತ್ತಿಗೆಯಿಂದ ಒಮ್ಮೆ ತಟ್ಟುತ್ತಿದ್ದರು. ಗಟ್ಟಿ ಕಲ್ಲು ಕಂಚಿನ ತಟ್ಟೆಯಂತೆ ಠಣ್ ಎನ್ನುತ್ತಿತ್ತು. ಒಳಗೆ ಕಣ್ಣಿಗೆ ಕಾಣದ ಬಿರುಕಿದ್ದರೆ ದಬ್ ಎಂದು ಮಂಕಾಗಿ ಮುಗಿಯುತ್ತಿತ್ತು, ಅಪ್ಪ ಅದನ್ನು ಪಕ್ಕಕ್ಕಿಡುತ್ತಿದ್ದರು. ಕೊಯ್ಯುವ ಯಂತ್ರದ ಕಿರುಚಾಟ ವರ್ಷ ವರ್ಷ ಅವರ ಕಿವಿಯನ್ನು ತಿನ್ನುತ್ತಾ ಬಂತು. ಕೊನೆಕೊನೆಗೆ ಆ ಠಣ್ ಕೂಡ ಅವರಿಗೆ ಕೇಳಿಸುತ್ತಿರಲಿಲ್ಲ. ಆಗ ಎಡಗೈ ಬೆರಳುಗಳನ್ನು ಕಲ್ಲಿನ ಅಂಚಿಗೆ ಮೆಲ್ಲಗೆ ಒತ್ತಿ, ಬಲಗೈಯಿಂದ ತಟ್ಟಿ, ನಡುಕವನ್ನು ಬೆರಳಲ್ಲೇ ಓದುತ್ತಿದ್ದರು. ತಪ್ಪುತ್ತಿದ್ದದ್ದು ಅಪರೂಪ.

ಈ ಕಥೆ ಅವಳಿಗೆ ನಾನು ಎಂದೂ ಹೇಳಿರಲಿಲ್ಲ. ಆದರೂ ಕಲ್ಲಿನಿಂದ ಬದುಕು ಎಳೆದುಕೊಂಡವನು ಕಿವಿ ತೆರಬೇಕು ಎಂದು ತನ್ನಷ್ಟಕ್ಕೆ ತಾನೇ ಬರೆದಿದ್ದಳು. ಅದನ್ನು ಕೇಳುತ್ತಾ ನನ್ನ ಗಂಟಲು ಕಟ್ಟಿತ್ತು, ಅದಕ್ಕೇ ಮಾತು ಹೊರಡಲಿಲ್ಲ. ಅಷ್ಟರಲ್ಲಿ ಯಾರೋ ಎದ್ದು ಲೆಕ್ಕ ಏಕೆ ಎಂದುಬಿಟ್ಟರು!

ನಿನ್ನೆ ರಾತ್ರಿ ಅವಳಿಗೆ ಫೋನ್ ಮಾಡಿ, ಆ ಪುಟವನ್ನು ಇನ್ನೊಮ್ಮೆ ಬರೆದು ತಾ ಎಂದೆ. ನಾಳೆ ಮನೆಗೆ ಬರುತ್ತಾಳೆ. ಅಪ್ಪನ ಸುತ್ತಿಗೆ ಅಟ್ಟದ ಮೇಲಿತ್ತು, ಇಳಿಸಿ ಒರೆಸಿಟ್ಟಿದ್ದೇನೆ. ಹಿತ್ತಲಿನಲ್ಲಿ ಎರಡು ಪರ್ಸಿಗಳಿವೆ, ಒಂದು ಗಟ್ಟಿ, ಒಂದು ಬಿರುಕು.