ಹುಳ ಮುಟ್ಟಿದವರು

ಮೊನ್ನೆ ರಾತ್ರಿ ಊಟಕ್ಕೆ ಕೂತು ಟೀವಿ ಹಾಕಿದರೆ ಯಾರೋ ಅತೃಪ್ತ ಶಾಸಕರು ಬುಸುಗುಡುತ್ತಿದ್ದರು. ನಾನು ಹೇಳಿದ್ದಲ್ಲ, ಪರದೆ ಮೇಲೆ ಹಾಗೇ ಬರೆದಿತ್ತು. ಪಕ್ಕದಲ್ಲಿ ಕಂಪ್ಯೂಟರ್‌ನಲ್ಲಿ ಮಾಡಿದ ನಾಗರಹಾವೊಂದು ಹೆಡೆ ಆಡಿಸುತ್ತಿತ್ತು, ಹಿಂದೆ ಪುಂಗಿ. ಶಾಸಕರು ಕೇಳಿದ್ದು ಒಂದು ನಿಗಮದ ಅಧ್ಯಕ್ಷಗಿರಿ. ಅಷ್ಟಕ್ಕೆಲ್ಲ ಹಾವಿನ ಮರ್ಯಾದೆ ತೆಗೀಬೇಕಾ?

ನಮ್ಮ ರಾಜಕಾರಣಕ್ಕೆ ಹಾವಿನ ಮೇಲೆ ಪ್ರೀತಿ ಜಾಸ್ತಿ. 2023ರ ಏಪ್ರಿಲ್ ಕೊನೆ ನೆನಪಿದೆಯಲ್ಲ. ಖರ್ಗೆಯವರು ಮೋದಿಯವರನ್ನು ವಿಷಸರ್ಪಕ್ಕೆ ಹೋಲಿಸಿದರು. ವಿಷ ಹೌದೋ ಅಲ್ಲವೋ ಅಂತ ನೆಕ್ಕಿ ನೋಡಿದರೆ ಸತ್ತಿರಿ ಅಂತಲೂ ಎಚ್ಚರಿಸಿದರು. ಹಾವನ್ನು ನೆಕ್ಕಿ ನೋಡುವ ಜನ ಯಾವ ಊರಲ್ಲಿದ್ದಾರೋ, ನನಗಂತೂ ಸಿಕ್ಕಿಲ್ಲ. ಆಮೇಲೆ, ಅಂದಿದ್ದು ವ್ಯಕ್ತಿಗಲ್ಲ, ಸಿದ್ಧಾಂತಕ್ಕೆ ಅಂತ ಸ್ಪಷ್ಟನೆ ಬಂತು. ಅದರ ಬೆನ್ನಿಗೇ ಆಗ ಬಿಜೆಪಿಯಲ್ಲಿದ್ದ ಯತ್ನಾಳರು ಸೋನಿಯಾ ಗಾಂಧಿಯವರನ್ನು ವಿಷಕನ್ಯೆ ಅಂದು ಲೆಕ್ಕ ಚುಕ್ತಾ ಮಾಡಿದರು. ಮೋದಿಯವರು ಕೋಲಾರಕ್ಕೆ ಬಂದು, ಹಾವು ಶಿವನ ಕೊರಳ ಶೋಭೆ, ಜನರೇ ನನಗೆ ಶಿವ ಅಂದರು. ನಾಲ್ಕೇ ದಿನದಲ್ಲಿ ಬೈಗುಳ ಒಡವೆಯಾಯಿತು. ನಾವು ಸುಮ್ನೆ ಕೊರಳು ಕೊಟ್ಟು ಕೂತಿದ್ದೆವು.

ಬೈಯೋದಾದ್ರೂ ಸರಿಯಾಗಿ ಬೈಯಬಾರದಾ? ಎಲ್ಲರಿಗೂ ಅದೇ ವಿಷಸರ್ಪ. ಕನ್ನಡದಲ್ಲಿ ಹಾವಿಗೇನು ಬರವೇ! ಕೊಳಕುಮಂಡಲ ಅನ್ನಬಹುದು, ಆದರೆ ಪಕ್ಷದ ಮಂಡಲ ಅಧ್ಯಕ್ಷರು ತಮಗೇ ಅಂದದ್ದು ಅಂತ ಮುನಿಸಿಕೊಂಡಾರು. ಹೆಬ್ಬಾವು ನುಂಗುತ್ತದೆ, ಆಮೇಲೆ ವಾರಗಟ್ಟಲೆ ಬಿದ್ದಿರುತ್ತದೆ, ಯಾವ ಇಲಾಖೆಗೆ ಬೇಕಾದರೂ ಹೊಂದುತ್ತದೆ. ಇನ್ನು ಎರಡು ತಲೆ ಹಾವು. ಪಾಪ, ಆ ಮಣ್ಣುಮುಕ್ಕನಿಗೆ ಇರೋದು ಒಂದೇ ತಲೆ, ಮೊಂಡು ಬಾಲ ನೋಡಿ ಜನ ಇನ್ನೊಂದು ತಲೆ ಅಂದುಕೊಂಡಿದ್ದಾರೆ. ಅದೃಷ್ಟ ತರುತ್ತೆ ಅಂತ ಲಕ್ಷಗಟ್ಟಲೆಗೆ ಮಾರಲು ಹೋಗಿ ಪೊಲೀಸರ ಕೈಗೆ ಬೀಳುವವರ ಸುದ್ದಿ ಬರುತ್ತಲೇ ಇರುತ್ತದೆ. ಎರಡು ತಲೆಯವರನ್ನು ರೆಸಾರ್ಟಿನಲ್ಲಿ ಕೂಡಿಟ್ಟು ವ್ಯಾಪಾರ ಮಾಡಿದರೆ ಮಾತ್ರ ಯಾವ ಕೇಸೂ ಇಲ್ಲ.

ಗಾದೆಗೆ ಬನ್ನಿ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಹಾವು ಸಾಯಬೇಕು ಅಂತ ಹೇಳುವವರೂ ಇದ್ದಾರೆ, ಅವರಿನ್ನೂ ಸದನ ಸಮಿತಿ ನೋಡಿಲ್ಲ. ಹಾವು ಸಾಯಬಾರದು ಅಂದಮೇಲೆ ಕೋಲು ಯಾಕೆ ತಗೊಂಡ್ರಿ ಅಂತ ಯಾರೂ ಕೇಳುವುದಿಲ್ಲ. ಕೋಲಿಗೆ ಒಬ್ಬ ಅಧ್ಯಕ್ಷ, ಕಾರು, ಮೂರು ತಿಂಗಳ ಗಡುವು, ಆಮೇಲೆ ಇನ್ನೊಂದು ಮೂರು ತಿಂಗಳು. ಕೊನೆಗೆ ವರದಿ. ಹಾವು ಅದನ್ನು ಓದಿ ಸಂತೋಷವಾಗಿ ಹುತ್ತ ಸೇರುತ್ತದೆ.

ನಮ್ಮಜ್ಜಿ ಕತ್ತಲಾದ ಮೇಲೆ ಹಾವು ಅನ್ನುತ್ತಲೇ ಇರಲಿಲ್ಲ. ಹುಳ ಅನ್ನುತ್ತಿದ್ದಳು. ಕಚ್ಚಿತು ಅಂತಲೂ ಇಲ್ಲ, ಹುಳ ಮುಟ್ಟಿತು. ಹೆಸರು ಹಿಡಿದರೆ ಬಂದುಬಿಡುತ್ತೆ ಅನ್ನೋ ಭಯ ಒಂದು ಕಡೆ, ಒಂಥರಾ ಮರ್ಯಾದೆ ಇನ್ನೊಂದು ಕಡೆ. ಮೈಕ್ ಹಿಡಿದು ಹಾವು ಹಾವು ಅಂತ ಕೂಗುವವರಿಗೆ ಆ ಭಯ ಇಲ್ಲ. ಯಾಕಿರುತ್ತೆ? ರಾತ್ರಿ ಎರಡಕ್ಕೆ ತ್ರೀ ಫೇಸ್ ಕೊಟ್ಟರೆ ಕೈಲೊಂದು ಮೊಬೈಲ್ ಟಾರ್ಚ್ ಹಿಡಿದು ಬರಿಗಾಲಲ್ಲಿ ಮೋಟರ್ ಹಾಕಲು ಹೋಗುವವರು ಅವರಲ್ಲವಲ್ಲ. ದೇಶದಲ್ಲಿ ಹಾವು ಕಚ್ಚಿ ವರ್ಷಕ್ಕೆ ಸುಮಾರು 58,000 ಜನ ಸಾಯುತ್ತಾರೆ ಅಂತ ಅಂದಾಜು. ಹೆಚ್ಚಿನವರು ಹಳ್ಳಿಯವರು. ಆಸ್ಪತ್ರೆಗಳು ಪ್ರತಿ ಹಾವು ಕಡಿತದ ಲೆಕ್ಕವನ್ನೂ ಕೊಡಲೇಬೇಕು ಅಂತ ನಮ್ಮ ರಾಜ್ಯದಲ್ಲಿ ನಿಯಮ ಬಂದಿದ್ದು 2024ರಲ್ಲಿ. ಬೈಯಲು ಹಾವು ಬೇಕು, ಕಚ್ಚಿಸಿಕೊಂಡವರ ಲೆಕ್ಕ ಬೇಡವಾಗಿತ್ತು. ಇದರಲ್ಲಿ ನಗುವಂಥದ್ದು ಏನೂ ಇಲ್ಲ, ಸುಮ್ನೆ ಸುಸ್ತಾಗುತ್ತದೆ.

ಹೋದ ಮಳೆಗಾಲದಲ್ಲಿ ಊರಿನ ಪಕ್ಕದ ಮನೆಯಣ್ಣನಿಗೆ ಬದುವಿನ ಮೇಲೆ ಹುಳ ಮುಟ್ಟಿತು. ಕಾಲು ಬಾತು ಮೊಣಕಾಲಿನವರೆಗೆ ಬಂದಿತ್ತು. ಹತ್ತಿರದ ಆಸ್ಪತ್ರೆಯಲ್ಲಿ ಹಾವಿನ ಇಂಜೆಕ್ಷನ್ ಖಾಲಿ, ದೊಡ್ಡಾಸ್ಪತ್ರೆಗೆ ಹೋಗಿ ಅಂದರು. ಆಟೋಗೆ ಕಾಯುತ್ತಾ ವರಾಂಡದಲ್ಲಿ ಕೂತಿದ್ದೆವು. ಯಾವ ಹಾವು ಅಂತ ನರ್ಸಮ್ಮ ಕೇಳಿದರೆ, 'ಕತ್ತಲು ಕಣಮ್ಮ, ಕಾಣ್ಲಿಲ್ಲ' ಅಂದ. ಗೋಡೆಯ ಟೀವಿಯಲ್ಲಿ ಹೆಡೆ ಆಡುತ್ತಿತ್ತು, ಪುಂಗಿ ಊದುತ್ತಿತ್ತು. ಬೆಂಚಿನ ಆ ತುದಿಯಿಂದ ಯಾರೋ, ಸೌಂಡ್ ಸ್ವಲ್ಪ ಜಾಸ್ತಿ ಮಾಡಿ ಅಂದರು.