ಅವಾರ್ಡ್ ಪಿಕ್ಚರ್ ಅಂತ ಎದ್ದು ಹೋಗಬೇಡಿ

ನಮ್ಮದು ಸಾಗರದ ಹತ್ತಿರದ ಒಂದು ಸಣ್ಣ ಊರು. ಎಂಬತ್ತರ ದಶಕದ ಕೊನೆಗೆ ನಮ್ಮ ಮನೆಗೆ ಟಿವಿ ಬಂತು. ಆಗ ದೂರದರ್ಶನದಲ್ಲಿ ಭಾನುವಾರ ಮಧ್ಯಾಹ್ನ ಬೇರೆ ಬೇರೆ ಭಾಷೆಯ ಸಿನಿಮಾ ಹಾಕುತ್ತಿದ್ದರು. ಕನ್ನಡದ ಸರದಿ ಬಂತು ಅಂದ್ರೆ ಮಧ್ಯಾಹ್ನದ ಊಟ ಬೇಗ ಮುಗಿಸಿ ಅಕ್ಕಪಕ್ಕದವರೆಲ್ಲ ಬಂದು ಕೂರುತ್ತಿದ್ದರು. ಹತ್ತು ನಿಮಿಷ ಕಳೆಯೋದರೊಳಗೆ ಯಾರಾದರೊಬ್ಬರು, "ಅಯ್ಯೋ, ಇದು ಅವಾರ್ಡ್ ಪಿಕ್ಚರ್ ಮಾರಾಯ" ಅನ್ನುತ್ತಿದ್ದರು. ಅಷ್ಟೇ. ಅರ್ಧ ಜನ ಎದ್ದು ಹೊರಡುತ್ತಿದ್ದರು. ನಮ್ಮಜ್ಜಿ ಮಾತ್ರ ಹೂಬತ್ತಿ ಹೊಸೆಯುತ್ತಾ ಕೊನೆವರೆಗೂ ಕೂತಿರುತ್ತಿದ್ದರು.

ಇದೆಲ್ಲ ನೆನಪಾಗಿದ್ದಕ್ಕೆ ಕಾರಣ ಇದೆ. ಪ್ರತಿ ಡಿಸೆಂಬರ್ 3ಕ್ಕೆ ಸಿನಿಮಾ ನಿರ್ದೇಶಕ ಗಿರೀಶ್ ಕಾಸರವಳ್ಳಿಯವರ ಹುಟ್ಟುಹಬ್ಬದ ಪೋಸ್ಟ್‌ಗಳು ಬರುತ್ತವೆ. ಒಂದು ಫೋಟೋ, ಕೆಳಗೆ ಪ್ರಶಸ್ತಿಗಳ ಪಟ್ಟಿ. ನಾಲ್ಕು ಸ್ವರ್ಣ ಕಮಲ, 2011ರಲ್ಲಿ ಪದ್ಮಶ್ರೀ, ಹೀಗೆ. ನಾನೂ ಅದನ್ನು ಎಷ್ಟೋ ಸಲ ಓದದೇನೇ ಹಂಚಿಕೊಂಡಿದ್ದೇನೆ. ಮೊನ್ನೆ ಒಂದು ದಿನ ಸುಮ್ನೆ ಕೂತು ಆ ಪಟ್ಟಿಯನ್ನು ಸಾಲು ಸಾಲಾಗಿ ಓದಿದೆ. ಓದುತ್ತಾ ಓದುತ್ತಾ, ಇಷ್ಟು ವರ್ಷ ನಾವು ಇದನ್ನು ಸರಿಯಾಗಿ ಓದಿಯೇ ಇಲ್ಲ ಅನ್ನಿಸಿತು.

ಮೊದಲು ಲೆಕ್ಕ ಹೇಳುತ್ತೇನೆ. ದೇಶದ ಅತ್ಯುತ್ತಮ ಕಥಾಚಿತ್ರ ಅಂತ ಸ್ವರ್ಣ ಕಮಲ ಗೆದ್ದ ಕನ್ನಡ ಸಿನಿಮಾಗಳು ಆರು. 'ಸಂಸ್ಕಾರ', 'ಚೋಮನ ದುಡಿ', 'ಘಟಶ್ರಾದ್ಧ', 'ತಬರನ ಕಥೆ', 'ತಾಯಿ ಸಾಹೇಬ', 'ದ್ವೀಪ'. ಇದರಲ್ಲಿ ಕೊನೆಯ ನಾಲ್ಕೂ ಕಾಸರವಳ್ಳಿಯವರವು. 'ಚೋಮನ ದುಡಿ'ಯಲ್ಲೂ ಅವರು ಬಿ.ವಿ. ಕಾರಂತರ ಜೊತೆ ಸಹಾಯಕರಾಗಿ ದುಡಿದವರು. 'ದ್ವೀಪ'ಕ್ಕೆ ಬಂದದ್ದು 2001ರ ಸಾಲಿನ ಪ್ರಶಸ್ತಿ. ಆಮೇಲೆ ಇಷ್ಟು ವರ್ಷವಾದರೂ ಕನ್ನಡಕ್ಕೆ ಅದು ಮತ್ತೆ ಬಂದಿಲ್ಲ. ಇಡೀ ದೇಶದಲ್ಲಿ ನೋಡಿದರೆ ಸತ್ಯಜಿತ್ ರಾಯ್ ಅವರಿಗೆ ಆರು, ಬುದ್ಧದೇವ್ ದಾಸ್‌ಗುಪ್ತ ಅವರಿಗೆ ಐದು, ಮೃಣಾಲ್ ಸೇನ್ ಅವರಿಗೆ ನಾಲ್ಕು. ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನ ಹುಡುಗ, ಮಣಿಪಾಲದಲ್ಲಿ ಫಾರ್ಮಸಿ ಓದಿ, ಅದನ್ನು ಬಿಟ್ಟು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಹೋದವರು, ಈ ಸಾಲಿನಲ್ಲಿ ನಿಂತಿದ್ದಾರೆ.

ಈಗ ನನ್ನನ್ನು ತಡೆದು ನಿಲ್ಲಿಸಿದ ವಿಷಯಕ್ಕೆ ಬರುತ್ತೇನೆ. ಅತ್ಯುತ್ತಮ ಚಿತ್ರ ಬೇರೆ, ಅತ್ಯುತ್ತಮ ನಿರ್ದೇಶನ ಬೇರೆ ವಿಭಾಗ. ಕಾಸರವಳ್ಳಿಯವರಿಗೆ ಅತ್ಯುತ್ತಮ ನಿರ್ದೇಶಕ ಅನ್ನೋ ರಾಷ್ಟ್ರ ಪ್ರಶಸ್ತಿ ಒಂದು ಸಲವೂ ಬಂದಿಲ್ಲ. 'ಘಟಶ್ರಾದ್ಧ' ಗೆದ್ದ ವರ್ಷ ಅದು ಹೋದದ್ದು ಮಲಯಾಳದ ಅರವಿಂದನ್ ಅವರಿಗೆ. 'ತಬರನ ಕಥೆ' ಗೆದ್ದ ವರ್ಷವೂ ಅವರಿಗೇ. 'ತಾಯಿ ಸಾಹೇಬ'ದ ವರ್ಷ ಜಯರಾಜ್ ಅವರಿಗೆ, 'ದ್ವೀಪ'ದ ವರ್ಷ ಬಿ. ಲೆನಿನ್ ಅವರಿಗೆ. ಅವರೆಲ್ಲ ದೊಡ್ಡ ಕಲಾವಿದರೇ, ಅದರಲ್ಲಿ ನನಗೆ ತಕರಾರಿಲ್ಲ. ಆದರೆ ನಾಲ್ಕು ಸಲ ಮನೆ ಚೆನ್ನಾಗಿದೆ ಅಂದವರು ಕಟ್ಟಿದವನ ಹೆಸರನ್ನು ಒಂದು ಸಲವೂ ಕರೆಯದೇ ಇದ್ದದ್ದು ನನಗೆ ಈಗಲೂ ಬೇಸರದ ವಿಷಯ.

ಹಾಗಾದರೆ ಆ ಸಿನಿಮಾಗಳಿಂದ ಪ್ರಶಸ್ತಿ ಯಾರ್‍ಯಾರ ಮನೆಗೆ ಹೋಯಿತು? ಇದು ನಿಜವಾಗಿ ಓದಬೇಕಾದ ಪಟ್ಟಿ. 'ಘಟಶ್ರಾದ್ಧ'ದ ಸಂಗೀತಕ್ಕೆ ಕಾರಂತರಿಗೆ, ನಾಣಿಯಾಗಿದ್ದ ಪುಟ್ಟ ಹುಡುಗ ಅಜಿತ್ ಕುಮಾರ್‌ಗೆ. ತಬರ ಶೆಟ್ಟಿಯಾದ ಚಾರುಹಾಸನ್‌ಗೆ ಅತ್ಯುತ್ತಮ ನಟ. 'ತಾಯಿ ಸಾಹೇಬ'ದ ಕಲಾ ನಿರ್ದೇಶನಕ್ಕೆ ರಮೇಶ್ ದೇಸಾಯಿಯವರಿಗೆ, ವಸ್ತ್ರ ವಿನ್ಯಾಸಕ್ಕೆ ವೈಶಾಲಿ ಕಾಸರವಳ್ಳಿಯವರಿಗೆ. 'ದ್ವೀಪ'ದ ಮಳೆಯನ್ನು ಹಿಡಿದ ಛಾಯಾಗ್ರಾಹಕ ಎಚ್.ಎಂ. ರಾಮಚಂದ್ರ ಅವರಿಗೆ. 'ಹಸೀನಾ'ಗೆ ತಾರಾ, 'ಗುಲಾಬಿ ಟಾಕೀಸ್'ಗೆ ಉಮಾಶ್ರೀ, ಇಬ್ಬರಿಗೂ ಅತ್ಯುತ್ತಮ ನಟಿ. ನಾಟಕ ಕಂಪನಿಗಳಲ್ಲಿ ಬೆಳೆದು, ಸಿನಿಮಾದಲ್ಲಿ ಬರೀ ನಗಿಸೋ ಪಾತ್ರಗಳಿಗೆ ಸೀಮಿತವಾಗಿದ್ದ ಉಮಾಶ್ರೀಯವರ ಒಳಗೆ ಒಬ್ಬ ಗುಲಾಬಿ ಇದ್ದಾಳೆ ಅಂತ ಕಂಡದ್ದು ಒಬ್ಬ ನಿರ್ದೇಶಕನಿಗೆ. ಅದನ್ನು ನಿರ್ದೇಶನ ಅನ್ನದೆ ಇನ್ನೇನು ಅನ್ನೋಣ?

ಇನ್ನೊಂದು ಮಾತು. 'ತಾಯಿ ಸಾಹೇಬ'ವನ್ನು ನಿರ್ಮಿಸಿದ್ದು ಜಯಮಾಲಾ. 'ದ್ವೀಪ'ವನ್ನು ನಿರ್ಮಿಸಿದ್ದು ಸೌಂದರ್ಯ. ಇಬ್ಬರೂ ದೊಡ್ಡ ಹೀರೋಗಳ ಜೊತೆ ಹಾಡು ಕುಣಿತದ ಸಿನಿಮಾ ಮಾಡಿಕೊಂಡು ಹಾಯಾಗಿ ಇರಬಹುದಾಗಿದ್ದ ನಟಿಯರು. ಸೌಂದರ್ಯ ಆಗ ತೆಲುಗಿನಲ್ಲಿ ಎಂಥಾ ಬೇಡಿಕೆಯಲ್ಲಿದ್ದರು ಅಂತ ನೆನಪಿದೆಯಲ್ವಾ? ಅವರು ಮಳೆಯಲ್ಲಿ ನೆನೆದು, ಕೆಸರಲ್ಲಿ ನಡೆದು ನಾಗಿಯಾದರು. ಅತ್ಯುತ್ತಮ ಚಿತ್ರದ ಸ್ವರ್ಣ ಕಮಲ ನಿರ್ಮಾಪಕರಿಗೂ ಸಲ್ಲುತ್ತದೆ. ಹಾಗಾಗಿ ಅದು ಅವರದ್ದೂ ಹೌದು. 2004ರ ಏಪ್ರಿಲ್ 17ರಂದು ವಿಮಾನ ಅಪಘಾತದಲ್ಲಿ ಅವರು ಹೋದರು. ಆ ಸುದ್ದಿ ಕೇಳಿದಾಗ ನನಗೆ ಮೊದಲು ನೆನಪಾದದ್ದು ನಾಗಿಯ ಒದ್ದೆ ಸೆರಗು.

'ದ್ವೀಪ'ದ ಬಗ್ಗೆ ಸ್ವಲ್ಪ ಜಾಸ್ತಿ ಬರೆಯಬೇಕು, ಯಾಕಂದ್ರೆ ಅದು ನಮ್ಮ ಮನೆಯ ಕಥೆ. ಅಜ್ಜಿಯ ತವರು ಶರಾವತಿ ದಡದಲ್ಲಿತ್ತು. 1964ರ ಹೊತ್ತಿಗೆ ಲಿಂಗನಮಕ್ಕಿ ಅಣೆಕಟ್ಟು ಮುಗಿದು, ಹಿನ್ನೀರಲ್ಲಿ ಊರೇ ಮುಳುಗಿತು. ಮೂಲ ಕಾದಂಬರಿ ಬರೆದ ನಾ. ಡಿಸೋಜ ಸಾಗರದವರೇ. ಶರಾವತಿ ಯೋಜನೆಯಲ್ಲೇ ಕೆಲಸ ಮಾಡಿ, ಮುಳುಗಿದ್ದನ್ನೆಲ್ಲ ಕಣ್ಣಾರೆ ಕಂಡವರು. ನಾನು ಸಿಡಿ ತಂದು ಅಜ್ಜಿಗೆ ಸಿನಿಮಾ ತೋರಿಸಿದಾಗ ಅವರಿಗೆ ಎಂಬತ್ತು ದಾಟಿತ್ತು. ಓದಿದ್ದು ಎರಡನೇ ಕ್ಲಾಸು.

ಸಿನಿಮಾದಲ್ಲಿ ಮಳೆ ಶುರುವಾಯಿತು. ನೀರು ಏರುತ್ತಾ ಬಂತು. ಅಜ್ಜಿಯ ಕೈಯಲ್ಲಿದ್ದ ಬತ್ತಿ ಅರ್ಧಕ್ಕೇ ನಿಂತಿತು. "ಹಿಂಗೇ ಬಂದಿತ್ತು ಕಣೋ" ಅಂದರು. "ಸದ್ದೇ ಮಾಡ್ದೆ. ಬೆಳಿಗ್ಗೆ ಎದ್ದು ನೋಡಿದ್ರೆ ತುಳಸಿಕಟ್ಟೆ ಹತ್ರ." ಆಮೇಲೆ ಮಾತೇ ಇಲ್ಲ. ನಾಗಿ ಒಬ್ಬಳೇ ಹೆಣಗಾಡಿ ಆ ಮನೆ, ಆ ಬದುಕು ಉಳಿಸಿಕೊಳ್ಳುತ್ತಾಳೆ. ಮಳೆಗಾಲ ಕಳೆದ ಮೇಲೆ ಗಂಡ ಗಣಪ ಎಲ್ಲಾ ದೇವರ ದಯೆ ಅನ್ನುತ್ತಾನೆ. ಅಜ್ಜಿಗೆ ಸಿಟ್ಟು ಬಂತು. "ಮಾಡಿದ್ದೆಲ್ಲ ಅವಳು. ಹೆಸರು ಮಾತ್ರ ದೇವ್ರಿಗೆ" ಅಂದು, ಬತ್ತಿಯ ತಟ್ಟೆಯನ್ನು ಪಕ್ಕಕ್ಕೆ ಸರಿಸಿದರು. ಆ ದಿನ ರಾತ್ರಿ ಊಟಕ್ಕೆ ಕೂತಾಗ ತವರಿನ ಅಂಗಳ, ಬಾವಿ, ಮುಳುಗಿದ ಹಲಸಿನ ಮರ ಎಲ್ಲಾ ಹೇಳಿದರು. ಅಷ್ಟು ವರ್ಷ ಒಂದು ದಿನವೂ ಹೇಳಿರಲಿಲ್ಲ.

ಅವಾರ್ಡ್ ಪಿಕ್ಚರ್ ಅರ್ಥ ಆಗಲ್ಲ ಅನ್ನುವವರಿಗೆ ನಾನು ಹೇಳೋದು ಇಷ್ಟೇ, ನಮ್ಮಜ್ಜಿಗೆ ಅರ್ಥವಾಗಿತ್ತು.

'ತಬರನ ಕಥೆ'ಯೂ ಹಾಗೇ. ತೇಜಸ್ವಿಯವರ ಕಥೆ. ಹೆಂಡತಿಯ ಕಾಲಿನ ಗಾಯ ಕೊಳೆಯುತ್ತಿರುವಾಗ ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ಜವಾನ. ನಮ್ಮ ದೊಡ್ಡಪ್ಪ ರಿಟೈರ್ ಆದಾಗ ಅವರ ಸರ್ವಿಸ್ ಪುಸ್ತಕದಲ್ಲಿ ಎರಡು ವರ್ಷದ ನಮೂದೇ ಇರಲಿಲ್ಲ. ಅದನ್ನು ಸರಿ ಮಾಡಿಸಲು ಹದಿನಾಲ್ಕು ತಿಂಗಳು ಓಡಾಡಿದರು. ಯಾವ ಕಚೇರಿ ಅಂತ ಇಲ್ಲಿ ಬೇಡ. ಅದೇ ಬಸ್ಸು, ಅದೇ ಬೆಂಚು, "ನಾಳೆ ಬನ್ನಿ" ಅನ್ನೋ ಅದೇ ಮಾತು. ಅವರು ಆ ಸಿನಿಮಾ ನೋಡಿ ಮುಗಿಸಿ, ಏನೂ ಹೇಳದೆ ಹೋಗಿ ಕೊಟ್ಟಿಗೆಯಲ್ಲಿ ಸುಮಾರು ಹೊತ್ತು ನಿಂತಿದ್ದರು.

ನಾವು ಈ ಸಿನಿಮಾಗಳಿಗೆ ಪ್ರಶಸ್ತಿ ಬಂದಾಗ ಹೆಮ್ಮೆಪಟ್ಟೆವು. ಶಾಲು ಹೊದಿಸಿದೆವು, ಫಲಕ ಕೊಟ್ಟೆವು. ಚಿತ್ರಮಂದಿರಕ್ಕೆ ಮಾತ್ರ ಹೋಗಲಿಲ್ಲ. 'ಅವಾರ್ಡ್' ಅನ್ನೋ ಮಾತೇ ಒಂದು ಬೇಲಿಯಾಗಿ ಹೋಯಿತು. ಅನಂತಮೂರ್ತಿ, ತೇಜಸ್ವಿ, ಭೈರಪ್ಪ, ವೈದೇಹಿ, ಕುಂ. ವೀರಭದ್ರಪ್ಪ, ಇವರ ಕಥೆಗಳನ್ನು ಓದಲು ನಾವು ಮುಗಿಬೀಳುತ್ತೇವೆ. ಅವನ್ನೇ ತೆರೆಗೆ ತಂದರೆ ಮಾತ್ರ ನಮಗಲ್ಲ ಅಂತ ಎದ್ದು ಹೋಗುತ್ತೇವೆ. 2025ರಲ್ಲಿ ಬಾನು ಮುಷ್ತಾಕ್ ಅವರಿಗೆ ಅಂತಾರಾಷ್ಟ್ರೀಯ ಬೂಕರ್ ಬಂದಾಗ ಎಷ್ಟು ಸಂಭ್ರಮಿಸಿದೆವು! ಅವರ 'ಕರಿ ನಾಗರಗಳು' ಕಥೆಯನ್ನು ಕಾಸರವಳ್ಳಿ 2004ರಲ್ಲೇ 'ಹಸೀನಾ' ಮಾಡಿದ್ದರು. ಆ ಸಂಭ್ರಮದಲ್ಲಿ ಎಷ್ಟು ಜನ ಅದನ್ನು ಹುಡುಕಿ ನೋಡಿದೆವು?

'ಘಟಶ್ರಾದ್ಧ' ಬಂದದ್ದು 1977ರಲ್ಲಿ. ಕಪ್ಪು ಬಿಳುಪಿನ ಆ ಸಿನಿಮಾದ ನೆಗೆಟಿವ್ ಅನ್ನು ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ಮಾರ್ಟಿನ್ ಸ್ಕಾರ್ಸೆಸೆ ಅವರ ಫಿಲ್ಮ್ ಫೌಂಡೇಶನ್ ಸೇರಿ ಉಳಿಸಿ, ಇಟಲಿಯ ಬೊಲೋನ್ಯಾದಲ್ಲಿ ಹೊಸದು ಮಾಡಿಸಿ, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ತಲೆ ಬೋಳಿಸಿಕೊಂಡು ಮರದ ಕೆಳಗೆ ಒಬ್ಬಳೇ ಕೂತ ಯಮುನಾಳನ್ನು ವೆನಿಸ್‌ನ ಜನ ದೊಡ್ಡ ಪರದೆಯ ಮೇಲೆ ನೋಡಿದರು. ತೀರ್ಥಹಳ್ಳಿಯಲ್ಲಿ, ಸಾಗರದಲ್ಲಿ, ಶಿವಮೊಗ್ಗದಲ್ಲಿ ಅದೇ ಪ್ರತಿಯನ್ನು ಊರವರನ್ನೆಲ್ಲ ಕರೆದು ತೋರಿಸಬೇಕು. ಕಾಲೇಜುಗಳಲ್ಲಿ ಸಭಾಂಗಣ ಇದೆ, ಪ್ರೊಜೆಕ್ಟರ್ ಇದೆ. ಮನಸ್ಸು ಮಾಡುವವರು ಬೇಕು. ಯಾರಾದರೂ ಹೊರಟರೆ ನನ್ನನ್ನೂ ಸೇರಿಸಿಕೊಳ್ಳಿ, ಕುರ್ಚಿ ಹಾಕೋದರಿಂದ ಹಿಡಿದು ಎಲ್ಲ ಕೆಲಸಕ್ಕೂ ಬರುತ್ತೇನೆ.

ಅಲ್ಲಿವರೆಗೆ ನನ್ನ ಕೈಲಾಗೋದು ಮಾಡುತ್ತೇನೆ. ಬರುವ ಭಾನುವಾರ ನಮ್ಮ ಮನೆಯಲ್ಲಿ 'ದ್ವೀಪ' ಹಾಕುತ್ತಿದ್ದೇನೆ. ಅಜ್ಜಿಗೆ ತೋರಿಸಿದ ಅದೇ ಹಳೇ ಸಿಡಿ, ಇನ್ನೂ ಚೆನ್ನಾಗಿ ಓಡುತ್ತಿದೆ. ಹತ್ತಿರ ಇರುವ ಗೆಳೆಯರು ಮಕ್ಕಳನ್ನೂ ಕರೆದುಕೊಂಡು ಬನ್ನಿ. ಊಟ ನಮ್ಮಲ್ಲೇ. ಸಿನಿಮಾ ಮಧ್ಯಾಹ್ನ ಒಂದೂವರೆಗೆ ಶುರು.