ಬಟನ್ ಒತ್ತಿ ಟಿವಿಗೆ ಕಾಯಬೇಕಾ?

ಕ್ರಿಕೆಟ್ ಗೇಮಲ್ಲಿ ಬಾಲ್ ಬರುತ್ತದೆ, ಬಟನ್ ಒತ್ತುತ್ತೇನೆ, ಬ್ಯಾಟ್ ಏಳುವಷ್ಟರಲ್ಲಿ ಸ್ಟಂಪ್ ಹಾರಿರುತ್ತದೆ. ಕಂಟ್ರೋಲರ್ ಸರಿಯಾಗಿದೆ. ತಡ ಮಾಡುವುದು ಟಿವಿ!

ಬಳ್ಳಾರಿಯಲ್ಲಿ ಟಿವಿ ಕೊಳ್ಳಲು ಹೋದರೆ ಎಷ್ಟು ಇಂಚು, ಎಷ್ಟು ಕಂತು ಅಂತ ಗಂಟೆಗಟ್ಟಲೆ ಹೇಳುತ್ತಾರೆ. ಇನ್‌ಪುಟ್ ಲ್ಯಾಗ್ ಎಷ್ಟು, ಅಂದರೆ ಬಟನ್ ಒತ್ತಿದ ಮೇಲೆ ಪರದೆಯಲ್ಲಿ ಕಾಣಲು ಎಷ್ಟು ತಡ ಅಂತ ಕೇಳಿದರೆ ಉತ್ತರವಿಲ್ಲ. ಡಬ್ಬದ ಮೇಲೆ ಏನಾದರೂ ಬರೆದಿದ್ದರೆ ಅದು ರೆಸ್ಪಾನ್ಸ್ ಟೈಮ್. ಅದು ಪಿಕ್ಸೆಲ್ ಬಣ್ಣ ಬದಲಿಸುವ ವೇಗ, ಬೇರೆಯೇ ವಿಷಯ.

60 ಹರ್ಟ್ಸ್ ಟಿವಿಯಲ್ಲಿ, ಅಂದರೆ ಸೆಕೆಂಡಿಗೆ 60 ಚಿತ್ರ ತೋರಿಸುವ ಟಿವಿಯಲ್ಲಿ, ಒಂದು ಫ್ರೇಮ್ (ಚಿತ್ರ) ಸುಮಾರು 16.7 ಮಿಲಿಸೆಕೆಂಡ್. ಮೋಷನ್ ಸ್ಮೂದಿಂಗ್ ಆನ್ ಇದ್ದರೆ, ಟಿವಿ ಮುಂದಿನ ಫ್ರೇಮಿಗೆ ಕಾದು, ನಡುವೆ ತನ್ನದೇ ಚಿತ್ರ ಸೇರಿಸುತ್ತದೆ. ಇಂಥ ಕೆಲಸಗಳೆಲ್ಲ ಸೇರಿ ಕೆಲವು ಟಿವಿಗಳಲ್ಲಿ ಲ್ಯಾಗ್ 100 ಮಿಲಿಸೆಕೆಂಡ್ ದಾಟುತ್ತದೆ. ಗೇಮ್ ಮೋಡ್ ಹಾಕಿದರೆ ಈ ಕೆಲಸಗಳು ಬಹುಪಾಲು ನಿಲ್ಲುತ್ತವೆ. ಅದನ್ನೂ ಪಿಕ್ಚರ್ ಸೆಟ್ಟಿಂಗ್ ಒಳಗೆಲ್ಲೋ ಹೂತಿಟ್ಟಿರುತ್ತಾರೆ. ಕೆಲವು ಟಿವಿಗಳಲ್ಲಿ ಒಂದು ಎಚ್‌ಡಿಎಂಐ ಪೋರ್ಟಿಗೆ (ಗೇಮ್ ಕೇಬಲ್ ಚುಚ್ಚುವ ಜಾಗ) ಹಾಕಿದ್ದು ಇನ್ನೊಂದಕ್ಕೆ ಅನ್ವಯಿಸುವುದೇ ಇಲ್ಲ. ಗೇಮ್ ಮೋಡ್ ಸಿಗದಿದ್ದರೆ ಸ್ಮೂದಿಂಗ್, ನಾಯ್ಸ್ ರಿಡಕ್ಷನ್ (ಚಿತ್ರದ ಕಾಳುಕಾಳು ಅಳಿಸುವುದು) ಎಲ್ಲ ಆಫ್ ಮಾಡಿ ನೋಡಿ.

ಮೇ ತಿಂಗಳ ನಮ್ಮ ಬಿಸಿಲಲ್ಲಿ ಮಧ್ಯಾಹ್ನ ಹೊರಗೆ ಆಡಲಾಗದ ಮಕ್ಕಳಿಗೆ ಇದೇ ಆಟ. ಕಡಿಮೆ ದುಡ್ಡಿನ ಟಿವಿಯವರೂ ಗೇಮ್ ಆಡುತ್ತಾರೆ ಅಲ್ವಾ? ಲ್ಯಾಗ್ ಎಷ್ಟೆಂದು ಡಬ್ಬದ ಮೇಲೆ ಅಚ್ಚು ಹಾಕಲು ಟಿವಿ ಕಂಪನಿಗಳಿಗೇನು ಕಷ್ಟ?